ಅಮ್ಮನ ರಿ

ನಮ್ಮ ಮನೆಯ ಗೋಡೆ ಮಾಡಿನವರೆಗೆ ಹೋಗುತ್ತಿರಲಿಲ್ಲ. ಆಳೆತ್ತರಕ್ಕಿಂತ ಸ್ವಲ್ಪ ಮೇಲೆ ಹೋಗಿ ಅಲ್ಲೇ ನಿಂತುಬಿಡುತ್ತಿತ್ತು. ಕೊಪ್ಪದಿಂದ ಶೃಂಗೇರಿಗೆ ಹೋಗುವ ರಸ್ತೆ ಬಿಟ್ಟು ಒಳಗೆ ಹೋದರೆ ಸಿಗುವ ಒಂದು ಕಾಫಿ ಎಸ್ಟೇಟಿನ ಲೈನ್ ಮನೆ ಅದು. ಉದ್ದಕ್ಕೆ ಒಂದೇ ಮಾಡು, ಅದರ ಕೆಳಗೆ ಎಂಟು ಸಂಸಾರ, ಒಂದೊಂದಕ್ಕೆ ಒಂದು ಕೋಣೆ, ಹಿಂದೆ ಇಬ್ಬರು ಕೂತರೆ ಮೂರನೆಯವರು ನಿಲ್ಲಬೇಕಾದ ಅಡುಗೆಮನೆ. ಗೋಡೆಯನ್ನು ಅರ್ಧಕ್ಕೆ ಬಿಟ್ಟದ್ದು ಇಟ್ಟಿಗೆ ಉಳಿಸಲಿಕ್ಕೆ. ಕಟ್ಟಿಸಿದವರು ಒಂದು ದಿನವೂ ಅಲ್ಲಿ ಮಲಗಿದವರಲ್ಲ. ಮೂರನೇ ಮನೆಯಲ್ಲಿ ಕೆಮ್ಮಿದರೆ ಏಳನೇ ಮನೆಯಿಂದ ಕಷಾಯ ಕುಡಿ ಅನ್ನುತ್ತಿದ್ದರು. ಗಂಡ ಹೆಂಡತಿ ಪಿಸುಗುಟ್ಟಿದರೆ ಮರುದಿನ ಬೆಳಿಗ್ಗೆ ನಲ್ಲಿಯ ಹತ್ತಿರ ಅದಕ್ಕೆ ಉತ್ತರ ಸಿಗುತ್ತಿತ್ತು. ನಮ್ಮದು ನಾಲ್ಕನೇ ಮನೆ, ನಡುವಿನದ್ದು. ಎರಡೂ ಕಡೆಯ ಸದ್ದು ನಮ್ಮ ಮೇಲೆಯೇ ಬೀಳುತ್ತಿತ್ತು.

ಇದನ್ನು ಮೊದಲೇ ಹೇಳಿಬಿಡುತ್ತೇನೆ. ಯಾಕೆಂದರೆ ಈಗ ಸಿನಿಮಾದವರು ನನ್ನ ಕೆಲಸ ಕೇಳಿ ತಲೆದೂಗುತ್ತಾರೆ, ಆಮೇಲೆ ಎಲ್ಲರೂ ಒಂದೇ ಪ್ರಶ್ನೆ ಕೇಳುತ್ತಾರೆ. "ನಿಮಗೆ ಅರಬ್ ಸಂಗೀತ ಎಲ್ಲಿಂದ ಬಂತು? ನೀವು ಕೊಪ್ಪದವರಲ್ವಾ?" ಕೊಪ್ಪದವನಿಗೆ ಕಿವಿ ಇರುವುದಿಲ್ಲ ಅನ್ನುವ ಹಾಗೆ ಕೇಳುತ್ತಾರೆ. ಕೆಲವರು ಇನ್ನೂ ಮುಂದೆ ಹೋಗಿ, ಯಾವ ಕಾಲೇಜು, ಯಾವ ಗುರು ಅಂತಾರೆ. ನಾನು ಒಂಬತ್ತನೇ ಕ್ಲಾಸಿಗೆ ಸ್ಕೂಲು ಬಿಟ್ಟವನು. ಮೈಕ್ ಸೆಟ್ಟಿನ ಅಂಗಡಿಯಲ್ಲಿ ವೈರು ಸುತ್ತಿದವನು. ಆರ್ಕೆಸ್ಟ್ರಾದವರ ಕೀಬೋರ್ಡ್ ಹೊತ್ತು, ಅವರು ಊಟಕ್ಕೆ ಹೋದಾಗ ಅದನ್ನು ಒತ್ತಿ ಕಲಿತವನು. ಈಗ ಕೊಪ್ಪದ ಬಸ್‌ಸ್ಟ್ಯಾಂಡಿನ ಹಿಂದೆ ಪೈಪು ಮಾರುವ ಅಂಗಡಿಯ ಮೇಲೆ ಒಂದು ಕೋಣೆ ಇದೆ, ಗೋಡೆಗೆಲ್ಲ ಮೊಟ್ಟೆಯ ಟ್ರೇ ಬಡಿದಿದ್ದೇನೆ, ಅಲ್ಲೇ ಕೂತು ಸಿನಿಮಾಗಳಿಗೆ ಹಿನ್ನೆಲೆ ಸಂಗೀತ ಮಾಡಿ ಕಳಿಸುತ್ತೇನೆ. ಒಂದು ಊದ್ ಇದೆ. ಹೊಟ್ಟೆ ದಪ್ಪ, ಕುತ್ತಿಗೆ ಗಿಡ್ಡ, ಅರಬರ ತಂತಿ ವಾದ್ಯ. ಅದನ್ನೂ ನನಗೆ ಯಾರೂ ಕಲಿಸಲಿಲ್ಲ. ಅರಬ್ ಸಂಗೀತ ನನಗೆ ಬಂದದ್ದು ಪಾತ್ರೆ ತೊಳೆಯುವ ಕಲ್ಲಿನ ಹತ್ತಿರ. ಅದು ಹೇಗೆ ಬಂತು, ಬಂದದ್ದನ್ನು ನಮ್ಮ ಮನೆಯಲ್ಲಿ ಏನು ಮಾಡಿದರು ಅನ್ನುವುದನ್ನು ಬರೆಯುತ್ತೇನೆ. ಕೇಳಿದವರಿಗೆಲ್ಲ ಇದೇ ಉತ್ತರ.

ನನಗೆ ನಾಲ್ಕು ವರ್ಷ ಆಗಿದ್ದಾಗ ಅಮ್ಮ ಮಸ್ಕತ್ತಿಗೆ ಹೋದಳು. ಮನೆಕೆಲಸಕ್ಕೆ. ಕರಾವಳಿಯ ಒಬ್ಬ ಏಜೆಂಟ್ ಕರೆದುಕೊಂಡು ಹೋದದ್ದು. ಬಂದದ್ದು ನನಗೆ ಎಂಟು ಆದ ಮೇಲೆ. ನಡುವಿನ ನಾಲ್ಕು ವರ್ಷ ನನ್ನನ್ನು ಸಾಕಿದ್ದು ಅಪ್ಪ. ಅದನ್ನು ಇಲ್ಲ ಅನ್ನುವುದಿಲ್ಲ. ಬೆಳಿಗ್ಗೆ ಗಂಜಿ ಬೇಯಿಸಿ, ಒಣಮೀನು ಸುಟ್ಟು, ನನಗೆ ತಿನ್ನಿಸಿ, ಪಕ್ಕದ ಮನೆಯಲ್ಲಿ ಬಿಟ್ಟು, ಎಸ್ಟೇಟಿನಲ್ಲಿ ಮರ ಹತ್ತಿ ಕೊಂಬೆ ಕಡಿಯಲು ಹೋಗುತ್ತಿದ್ದ. ಸಂಜೆ ಬಂದು ಸ್ನಾನ ಮಾಡಿ ಹಾರ್ಮೋನಿಯಂ ಮುಂದೆ ಕೂರುತ್ತಿದ್ದ. ಆ ಹಾರ್ಮೋನಿಯಂ ಲೈನಿನ ಭಜನಾ ಮಂಡಳಿಯದ್ದು. ನುಡಿಸಲು ಬರುತ್ತಿದ್ದವನು ಅಪ್ಪ ಒಬ್ಬನೇ, ಹಾಗಾಗಿ ನಮ್ಮ ಮನೆಯಲ್ಲೇ ಇರುತ್ತಿತ್ತು, ಅಮ್ಮನ ಹಳೇ ಸೀರೆ ಹೊದ್ದುಕೊಂಡು. ನನ್ನನ್ನು ತೊಡೆಯ ಮೇಲೆ ಕೂರಿಸಿಕೊಂಡು ನನ್ನ ಬೆರಳನ್ನು ತನ್ನ ಬೆರಳಿನ ಕೆಳಗೆ ಇಟ್ಟು ಸರಿಗಮ ಒತ್ತಿಸುತ್ತಿದ್ದ. ಮೊದಲ ಬಿಳಿ ಕೀ ಸ, ಎರಡನೇ ಬಿಳಿ ಕೀ ರಿ. ನಾನು ಕಲಿತ ಮೊದಲ ಅಕ್ಷರಗಳು ಅವು, ಅ ಆ ಇ ಈ ಅಲ್ಲ.

ಅಮ್ಮ ಬಂದ ದಿನ ಅವಳ ಚೀಲದಲ್ಲಿ ಏನಿದೆ ಅಂತ ನೋಡಲು ಎಂಟೂ ಮನೆಯವರು ಬಾಗಿಲಲ್ಲಿ ನಿಂತಿದ್ದರು. ಚಿನ್ನ ಇರಬಹುದು ಅಂತ ಅವರ ಲೆಕ್ಕ. ಇದ್ದದ್ದು ಒಂದು ಟೇಪ್ ರೆಕಾರ್ಡರ್, ಹನ್ನೊಂದು ಕ್ಯಾಸೆಟ್, ನನಗೆ ಒಂದು ಜೊತೆ ಬೂಟು (ಎರಡು ಸೈಜ್ ಚಿಕ್ಕದು, ಅವಳ ಲೆಕ್ಕದಲ್ಲಿ ನಾನು ಅಷ್ಟು ಬೆಳೆದಿರಲಿಲ್ಲ), ಮತ್ತೆ ಒಂದು ಡಬ್ಬಿ ತುಂಬ ಕಪ್ಪಗೆ ಒಣಗಿದ ಗೋಲಿಯಂಥ ಕಾಯಿ. ಅಪ್ಪ ಅದರಲ್ಲಿ ಒಂದನ್ನು ತೆಗೆದುಕೊಂಡು ಅಡಕತ್ತರಿಗೆ ಇಟ್ಟು ಒತ್ತಿದ. ಹುಡಿಯಾಯಿತು. ಆದರೂ ವೀಳ್ಯದೆಲೆಗೆ ಹಾಕಿ ಬಾಯಿಗೆ ಇಟ್ಟುಕೊಂಡ.

"ಅಯ್ಯೋ, ಅದು ಅಡಿಕೆ ಅಲ್ಲಾರೀ! ಒಣ ನಿಂಬೆಕಾಯಿ. ಸಾರಿಗೆ ಹಾಕೂದು."

ಅಪ್ಪ ಉಗಿದ. ಬಾಗಿಲಲ್ಲಿ ನಿಂತ ಎಲ್ಲರೂ ನಕ್ಕರು. ಎಲ್ಲರಿಗಿಂತ ಜೋರಾಗಿ ನಕ್ಕದ್ದು ಐದನೇ ಮನೆಯ ಗೋಪಾಲಣ್ಣ. ಭಜನೆಯಲ್ಲಿ ತಾಳ ಹಾಕುವವನು, ನಾಲಿಗೆ ನಿಲ್ಲದವನು.

"ತಿಮ್ಮಪ್ಪಣ್ಣ, ಮಸ್ಕತ್ತಿನ ಅಡಿಕೆ ಹ್ಯಾಂಗಿತ್ತು ಮಾರಾಯ? ತಲೆ ತಿರುಗ್ತಾ?"

ಅವತ್ತಿನಿಂದ ಅಮ್ಮ ಮಸ್ಕತ್ ಲಲಿತಕ್ಕ ಆದಳು. ಅವಳು ಆ ನಿಂಬೆ ಹಾಕಿ ಮಾಡಿದ ಸಾರನ್ನು ಅಪ್ಪ ಮುಟ್ಟಲಿಲ್ಲ. ನಾನು ಎರಡು ಸಲ ಹಾಕಿಸಿಕೊಂಡೆ. ಅಪ್ಪ ನನ್ನ ತಟ್ಟೆಯನ್ನೇ ನೋಡುತ್ತಿದ್ದ. ಆಗ ನನಗೆ ಅದು ಅರ್ಥವಾಗಲಿಲ್ಲ.

ಅಮ್ಮ ಕೆಲಸಕ್ಕಿದ್ದ ಮನೆಯಲ್ಲಿ ಕಣ್ಣು ಕಾಣದ ಒಬ್ಬ ಮುದುಕಿ ಇದ್ದಳಂತೆ. ಅಮ್ಮ ಅವಳನ್ನು ಅಜ್ಜಿ ಅಂತಲೇ ಹೇಳುತ್ತಿದ್ದಳು. ದಿನಾ ಅವಳ ತಲೆಗೆ ಎಣ್ಣೆ ಹಚ್ಚಿ ಬಾಚುವುದು ಅಮ್ಮನ ಕೆಲಸ. ಬಾಚುವಾಗ ಮುದುಕಿ ಹಾಡುತ್ತಿದ್ದಳು, ಅಮ್ಮನೂ ಹಾಡಬೇಕು, ತಪ್ಪಿದರೆ ಹಿಂದಕ್ಕೆ ಕೈ ಮಾಡಿ ಅಮ್ಮನ ಮೊಣಕೈಗೆ ಬಾರಿಸುತ್ತಿದ್ದಳು. ಅಮ್ಮನಿಗೆ ಮಾತಿನ ಅರ್ಥ ಗೊತ್ತಿರಲಿಲ್ಲ. ಬರುಬರುತ್ತಾ ಮಾತು ಮರೆತೂ ಹೋಯಿತು, ಧಾಟಿ ಉಳಿಯಿತು. ಟೇಪ್ ರೆಕಾರ್ಡರ್, ಕ್ಯಾಸೆಟ್ ಎಲ್ಲ ಬರುವಾಗ ಆ ಮುದುಕಿಯೇ ಕೊಟ್ಟದ್ದು. ಕ್ಯಾಸೆಟ್ಟಿನಲ್ಲಿ ಊದ್ ಇತ್ತು, ಪಿಟೀಲು ಇತ್ತು, ಒಂದೇ ಸಾಲನ್ನು ಹತ್ತು ಸಲ ತಿರುಗಿಸಿ ತಿರುಗಿಸಿ ಹಾಡುವ ಹೆಂಗಸರಿದ್ದರು. ಆದರೆ ನನಗೆ ಹಿಡಿಸಿದ್ದು ಕ್ಯಾಸೆಟ್ಟಿನಲ್ಲಿ ಇಲ್ಲದ್ದು, ಮುದುಕಿ ಬಾಯಲ್ಲಿ ಕಲಿಸಿದ ಒಂದು ಹಾಡು. ಅದಕ್ಕೆ ಎರಡು ಭಾಗ. ಒಂದು ಹತ್ತುವುದು, ಇನ್ನೊಂದು ಇಳಿಯುವುದು. ಹತ್ತುವ ಭಾಗವನ್ನು ಅಮ್ಮ ನಲ್ಲಿಯ ಕಲ್ಲಿನ ಹತ್ತಿರ ಪಾತ್ರೆ ತಿಕ್ಕುತ್ತಾ ಹಾಡುತ್ತಿದ್ದಳು. ಇಳಿಯುವ ಭಾಗಕ್ಕೆ ಬರುವಷ್ಟರಲ್ಲಿ ಪಾತ್ರೆ ಮುಗಿದು ಒಳಗೆ ಬಂದಿರುತ್ತಿದ್ದಳು. ಒಳಗೆ ಅಪ್ಪ ಇದ್ದರೆ ಬಾಯಿ ಮುಚ್ಚುತ್ತಿದ್ದಳು.

"ಅಪಸ್ವರ," ಅನ್ನುತ್ತಿದ್ದ ಅಪ್ಪ. "ಕಿವಿಗೆ ಮರಳು ಹೊಯ್ದ ಹಾಂಗೆ ಆಗ್ತದೆ. ನಿಲ್ಸು."

ಅವನಿಗೆ ಅಪಸ್ವರ ಅನ್ನಿಸುತ್ತಿದ್ದದ್ದು ಒಂದೇ ಸ್ವರ, ರಿ. ನಾನು ಅದನ್ನು ಹಾರ್ಮೋನಿಯಂನಲ್ಲಿ ಹುಡುಕಿದೆ. ಎರಡನೇ ಬಿಳಿ ಕೀ ಒತ್ತಿದರೆ ಅಮ್ಮನ ಸ್ವರಕ್ಕಿಂತ ಮೇಲೆ ಹೋಗುತ್ತಿತ್ತು. ಅದರ ಹಿಂದಿನ ಕಪ್ಪು ಕೀ ಒತ್ತಿದರೆ ಕೆಳಗೆ ಉಳಿಯುತ್ತಿತ್ತು. ಎರಡನ್ನೂ ಒಟ್ಟಿಗೆ ಒತ್ತಿದರೆ ನಾಯಿ ಜಗಳ ಆಡಿದ ಹಾಗೆ ಕೇಳುತ್ತಿತ್ತು. ಅಮ್ಮನ ರಿ ಅವೆರಡರ ಮಧ್ಯದಲ್ಲಿತ್ತು. ಮಧ್ಯದಲ್ಲಿ ಒತ್ತಲಿಕ್ಕೆ ಏನೂ ಇರಲಿಲ್ಲ. ಅದಕ್ಕೆ ಅವರ ಕಡೆ ಲೆಕ್ಕ ಇದೆ, ರಾಗಕ್ಕೆ ಅವರು ಮಕಾಮ್ ಅನ್ನುತ್ತಾರೆ, ಅಮ್ಮನ ಹಾಡು ಬಯಾತಿ ಅನ್ನುವ ಮಕಾಮಿನದ್ದು, ಅದರಲ್ಲಿ ರಿ ಅಲ್ಲೇ ಕೂರಬೇಕು ಅಂತ ನನಗೆ ಗೊತ್ತಾದದ್ದು ಮೈಕ್ ಸೆಟ್ ಅಂಗಡಿಯ ಕಂಪ್ಯೂಟರಿನಲ್ಲಿ, ಎಷ್ಟೋ ವರ್ಷ ಆದ ಮೇಲೆ. ಆಗ ಗೊತ್ತಿದ್ದದ್ದು ಇಷ್ಟೇ. ಅಮ್ಮ ತಪ್ಪು ಹಾಡುತ್ತಿಲ್ಲ. ಪ್ರತಿ ಸಲವೂ ಅದೇ ಜಾಗಕ್ಕೆ ಬರುತ್ತಾಳೆ. ತಪ್ಪು ಹಾಡುವವರು ಪ್ರತಿ ಸಲ ಬೇರೆ ಬೇರೆ ಕಡೆ ಬೀಳುತ್ತಾರೆ.

ಒಮ್ಮೆ ಹಾರ್ಮೋನಿಯಂ ರಿಪೇರಿಯವನು ಬಂದಿದ್ದ. ಒಳಗಿನ ಹಲಗೆ ಎತ್ತಿ, ಕೆಳಗೆ ಸಾಲಾಗಿ ಇರುವ ಹಿತ್ತಾಳೆಯ ರೀಡುಗಳನ್ನು ತೋರಿಸಿದ. ಒಂದೊಂದು ಕೀಗೆ ಒಂದೊಂದು ರೀಡು, ಗಾಳಿ ಹೋದಾಗ ಅದು ನಡುಗಿ ಸ್ವರ ಬರುತ್ತದೆ. ತುದಿಯಲ್ಲಿ ಕೆರೆದರೆ ಸ್ವರ ಏರುತ್ತದೆ, ಬುಡದಲ್ಲಿ ಕೆರೆದರೆ ಇಳಿಯುತ್ತದೆ ಅಂದ. ನಾನು ಪಕ್ಕದಲ್ಲಿ ಕೂತು ಎಲ್ಲ ನೋಡಿದೆ. ಸ್ಕೂಲಿನಲ್ಲಿ ಯಾವ ಮೇಷ್ಟರ ಮಾತನ್ನೂ ನಾನು ಅಷ್ಟು ಗಮನ ಇಟ್ಟು ಕೇಳಿಲ್ಲ.

ನರಸಿಂಹರಾಜಪುರದಲ್ಲಿ ಭಜನಾ ಸ್ಪರ್ಧೆ ಇತ್ತು. ಅದರ ಹಿಂದಿನ ದಿನ ಅಪ್ಪ ಮಂಡಳಿಯವರ ಜೊತೆ ಶಾಲು ತರಲು ಕೊಪ್ಪಕ್ಕೆ ಹೋಗಿದ್ದ. ಅಮ್ಮ ಕಾಫಿ ಕೊಯ್ಯಲು ಹೋಗಿದ್ದಳು. ನಾನು ಹಾರ್ಮೋನಿಯಂ ಹಲಗೆಯ ಸ್ಕ್ರೂ ಬಿಚ್ಚಿದೆ. ನಾನು ಹುಚ್ಚನಲ್ಲ, ಅಪ್ಪನ ಸ್ವರ ಕೆಡಿಸಬಾರದು ಅಂತ ಗೊತ್ತಿತ್ತು. ಅಪ್ಪ ನಡುವಿನ ಸಾಲನ್ನು ಮಾತ್ರ ನುಡಿಸುತ್ತಿದ್ದ. ಎಡಗಡೆ, ಕೆಳಗಿನ ಸ್ಥಾಯಿಯ ಕೀಗಳನ್ನು ಮುಟ್ಟುತ್ತಲೇ ಇರಲಿಲ್ಲ. ಹಾಗಾಗಿ ಕೆಳಗಿನ ಸ್ಥಾಯಿಯ ರಿ ಆರಿಸಿಕೊಂಡೆ. ಬ್ಲೇಡಿನಲ್ಲಿ ಅದರ ರೀಡಿನ ಬುಡವನ್ನು ಸ್ವಲ್ಪ ಕೆರೆದೆ, ಮುಚ್ಚಿ ಒತ್ತಿ ನೋಡಿದೆ, ಮತ್ತೆ ತೆಗೆದೆ, ಮತ್ತೆ ಕೆರೆದೆ. ಹೆಬ್ಬೆರಳು ಕುಯ್ದುಕೊಂಡೆ, ಬಟ್ಟೆ ಸುತ್ತಿದೆ. ಎಂಟನೇ ಸಲವೋ ಒಂಬತ್ತನೇ ಸಲವೋ ಒತ್ತಿದಾಗ ಅಮ್ಮನ ರಿ ಬಂತು. ಆ ಪೆಟ್ಟಿಗೆಯ ಒಳಗೆ ಅಮ್ಮ ಕೂತು ಬಾಯಿ ತೆರೆದ ಹಾಗಿತ್ತು. ಸ್ಪರ್ಧೆ ಮುಗಿದು ಬಂದ ಮೇಲೆ ಅವಳಿಗೆ ತೋರಿಸಬೇಕು, ಅವಳು ಹಾಡುವಾಗ ಜೊತೆಗೆ ಒತ್ತಬೇಕು ಅಂತ ಇದ್ದೆ.

ನನಗೆ ಗೊತ್ತಿಲ್ಲದ ವಿಷಯ ಒಂದಿತ್ತು. ಆ ಹಾರ್ಮೋನಿಯಂಗೆ ಕಪ್ಲರ್ ಇತ್ತು. ಪಕ್ಕದ ಒಂದು ಗುಂಡಿ ಎಳೆದರೆ, ನಡುವಿನ ಕೀ ಒತ್ತಿದಾಗ ಕೆಳಗಿನ ಸ್ಥಾಯಿಯ ಅದೇ ಕೀ ತಾನಾಗಿ ಇಳಿಯುತ್ತದೆ, ಎರಡು ಸ್ವರ ಒಟ್ಟಿಗೆ ಬಂದು ಸದ್ದು ದೊಡ್ಡದಾಗುತ್ತದೆ. ಮನೆಯಲ್ಲಿ ಅಪ್ಪ ಅದನ್ನು ಎಳೆಯುತ್ತಿರಲಿಲ್ಲ, ಎಂಟು ಮನೆಗೆ ಅಷ್ಟು ಸದ್ದು ಬೇಡ ಅಂತ. ಸ್ಪರ್ಧೆಯ ಹಾಲ್ ದೊಡ್ಡದಿತ್ತು. ಅಪ್ಪ ಹೊಸ ಶಾಲು ಸರಿಮಾಡಿಕೊಂಡು ಗುಂಡಿ ಎಳೆದ. ಭಜನೆಯ ಮೊದಲ ಸಾಲಿನಲ್ಲೇ ರಿ ಇತ್ತು. ಮೇಲಿನ ರಿ ಸರಿಯಾಗಿತ್ತು, ಅದರ ಜೊತೆ ನಾನು ಕೆರೆದ ರಿ ಎದ್ದಿತು. ಅಪ್ಪ ಬೆಚ್ಚಿಬಿದ್ದು ಮತ್ತೆ ಒತ್ತಿದ. ಮತ್ತೆ ಅದೇ. ಮುಂದಿನ ಸಾಲಿನ ಹೆಂಗಸರು ಬಾಯಿಗೆ ಸೆರಗು ಹಿಡಿದರು. ಗೋಪಾಲಣ್ಣನ ತಾಳ ನಿಂತಿತು. ತೀರ್ಪುಗಾರರಲ್ಲಿ ಒಬ್ಬ ನಗುತ್ತಾ, "ಶ್ರುತಿ ಸ್ವಲ್ಪ ನೋಡ್ಕೊಂಡು ಬರಬೇಕಿತ್ತು," ಅಂದ. ಹತ್ತು ಜನರ ಮುಂದೆ ಅಲ್ಲ, ಮುನ್ನೂರು ಜನರ ಮುಂದೆ. ಅಮ್ಮ ನನ್ನ ಪಕ್ಕ ಕೂತಿದ್ದಳು. ಆ ಸ್ವರ ಕೇಳಿದ ಕೂಡಲೇ ನನ್ನ ಕಡೆ ತಿರುಗಿದಳು. ನನ್ನ ಹೆಬ್ಬೆರಳು ನೋಡಿದಳು. ಅದನ್ನು ತನ್ನ ಮುಷ್ಟಿಯಲ್ಲಿ ಮುಚ್ಚಿ ಹಿಡಿದುಕೊಂಡಳು.

ಬಸ್ಸಿನಲ್ಲಿ ಅಪ್ಪ ಹಾರ್ಮೋನಿಯಂ ತೊಡೆಯ ಮೇಲೆ ಇಟ್ಟುಕೊಂಡು ಕಿಟಕಿಯ ಹೊರಗೆ ನೋಡುತ್ತಾ ಬಂದ. ಮನೆಗೆ ಬಂದವನೇ ಹಲಗೆ ಎತ್ತಿದ. ಕೆರೆದ ರೀಡು ಹೊಸ ಹಿತ್ತಾಳೆಯ ಹಾಗೆ ಹೊಳೆಯುತ್ತಿತ್ತು.

"ಯಾರು ಮಾಡಿದ್ದು?"

ನಾನು ಬಾಗಿಲ ಹಿಂದೆ ಇದ್ದೆ. ಬಾಯಿ ಬಿಡಬೇಕಿತ್ತು. ಬಿಡಲಿಲ್ಲ. ಇವತ್ತಿಗೂ ನನಗೆ ಅತ್ಯಂತ ಸಿಟ್ಟಿರುವುದು ಬಾಗಿಲ ಹಿಂದೆ ನಿಂತ ಆ ಹತ್ತು ವರ್ಷದ ಹೇಡಿಯ ಮೇಲೆ.

"ನಾನು," ಅಂದಳು ಅಮ್ಮ.

"ಎಂತಕ್ಕೆ?"

"ನನ್ನ ಹಾಡಿಗೆ ಬೇಕಿತ್ತು."

ಎಂಟೂ ಮನೆ ಸುಮ್ಮನಾಯಿತು. ಅಪ್ಪ ಅವಳನ್ನು ಹೊಡೆಯಲಿಲ್ಲ. ಕ್ಯಾಸೆಟ್ಟುಗಳನ್ನು ಬುಟ್ಟಿಗೆ ಹಾಕಿಕೊಂಡು ಹಿಂದುಗಡೆ ಬಚ್ಚಲ ಒಲೆಗೆ ಹೋದ. ನೀರು ಕಾಯಿಸುವ ಹಂಡೆಯ ಕೆಳಗೆ ಒಂದೊಂದಾಗಿ ತಳ್ಳಿದ. ಪ್ಲಾಸ್ಟಿಕ್ ಕರಗಿ ಕಪ್ಪು ಹೊಗೆ ಬಂತು, ಟೇಪು ಹುಳದ ಹಾಗೆ ಸುರುಳಿ ಸುತ್ತಿ ಉರಿಯಿತು. ಹನ್ನೊಂದೂ ಮುಗಿದ ಮೇಲೆ ಎದ್ದು ಬಂದು ಹೇಳಿದ:

"ಇನ್ನು ಆ ಹಾಡು ಈ ಮನೇಲಿ ಕೇಳಬಾರ್ದು. ನನ್ನ ಮೇಲೆ ಆಣೆ."

"ಕೇಳೂದಿಲ್ಲ," ಅಂದಳು ಅಮ್ಮ.

ಕೇಳಲಿಲ್ಲ. ಹದಿನೆಂಟು ವರ್ಷ ಕೇಳಲಿಲ್ಲ. ಆ ದಿನ ಆ ಹಂಡೆಯ ನೀರಲ್ಲೇ ನಮಗೆಲ್ಲ ಸ್ನಾನ ಆಯಿತು, ಅದೂ ನೆನಪಿದೆ. ಅಮ್ಮ ಪಾತ್ರೆ ತಿಕ್ಕುವಾಗ ನಾನು ಹೋಗಿ ಪಕ್ಕದಲ್ಲಿ ಕೂರುತ್ತಿದ್ದೆ. ಬೂದಿಯ ಸದ್ದು, ನೀರಿನ ಸದ್ದು, ಬಳೆಯ ಸದ್ದು, ಅಷ್ಟೇ. ನಾನು ಅಪ್ಪನಿಗೆ ನಿಜ ಹೇಳುತ್ತೇನೆ ಅಂತ ಒಂದೆರಡು ಸಲ ಅವಳ ಹತ್ತಿರ ಅಂದೆ.

"ಸುಮ್ನೆ ಕೂತ್ಕ ಮಂಜ. ನಿಂಗೆ ಪೆಟ್ಟು ಬೀಳ್ತದೆ, ಪೆಟ್ಟಿಗೆ ಮುಟ್ಲಿಕ್ಕೆ ಬಿಡೂದಿಲ್ಲ. ನಂದಂತೂ ಹೋತು, ನಿಂದೂ ಹೋಗೂದು ಬ್ಯಾಡ."

ನಾನು ಸುಮ್ಮನೆ ಕೂತೆ. ಅದು ಸುಲಭ ಇತ್ತು. ರಿಪೇರಿಯವನು ಹೊಸ ರೀಡು ಹಾಕಿಕೊಟ್ಟ. ಅಪ್ಪ ಮತ್ತೆ ನನಗೆ ಕಲಿಸಿದ, ನಾನು ಕಲಿತೆ.

ಈಗಿನ ಮಾತು. ಹೋದ ವರ್ಷ ಒಬ್ಬ ನಿರ್ದೇಶಕ ಬಂದ. ಕೆಲಸಕ್ಕೆ ಅಂತ ಗಲ್ಫಿಗೆ ಹೋದ ಒಬ್ಬ ಹೆಂಗಸಿನ ಕಥೆ. ನಾನು ಕಥೆ ಪೂರ್ತಿ ಕೇಳಲಿಲ್ಲ, ಒಪ್ಪಿಕೊಂಡೆ. ಅಮ್ಮನ ಹಾಡಿನ ಹತ್ತುವ ಭಾಗವನ್ನು ಊದ್‌ನಲ್ಲಿ ನುಡಿಸಿ, ಕೆಳಗೆ ನಮ್ಮ ಭಜನೆಯ ಹಾರ್ಮೋನಿಯಂ ಶ್ರುತಿ ಹಿಡಿದು ಕಳಿಸಿದೆ. ಊದ್‌ನಲ್ಲಿ ಕೀ ಇಲ್ಲ, ಗೆರೆ ಇಲ್ಲ, ಬೆರಳು ಎಲ್ಲಿ ಇಟ್ಟರೆ ಅಲ್ಲಿ ಸ್ವರ. ಅಮ್ಮನ ರಿ ಅಲ್ಲಿ ಆರಾಮಾಗಿ ಕೂರುತ್ತದೆ. ನಿರ್ದೇಶಕನಿಗೆ ಹುಚ್ಚು ಹಿಡಿಯಿತು. ಆದರೆ ಕಥೆಯ ಕೊನೆಗೆ ಅವಳು ಊರಿಗೆ ಬರುತ್ತಾಳೆ, ಅಲ್ಲಿಗೆ ಅದೇ ಧಾಟಿ ಇಳಿದು ಬರಬೇಕು ಅಂದ. ಇಳಿಯುವ ಭಾಗ ನನಗೆ ನೆನಪಿರಲಿಲ್ಲ. ಹತ್ತು ದಿನ ಕೂತು ನಾನೇ ಕಟ್ಟಿ ನೋಡಿದೆ. ಎಲ್ಲ ಸುಳ್ಳು, ಕೇಳಿದರೆ ಜಾಹೀರಾತಿನ ಒಂಟೆ ನಡೆದ ಹಾಗೆ. ಒಂದು ಭಾನುವಾರ ಮಧ್ಯಾಹ್ನ ಬೈಕ್ ಹತ್ತಿ ಮನೆಗೆ ಹೋದೆ. ಅಪ್ಪ ಅಮ್ಮ ಈಗಲೂ ಅದೇ ಲೈನಿನಲ್ಲಿ, ಅದೇ ನಾಲ್ಕನೇ ಮನೆಯಲ್ಲಿ ಇದ್ದಾರೆ. ಕೊಪ್ಪಕ್ಕೆ ಬನ್ನಿ ಅಂದರೆ ಮೊಟ್ಟೆ ಟ್ರೇ ಮಧ್ಯ ಯಾರು ಮಲಗೂದು ಅಂತಾರೆ. ಅಮ್ಮ ಅಡುಗೆಮನೆಯಲ್ಲಿ ಕೆಸುವಿನ ದಂಟು ಸುಲಿಯುತ್ತಿದ್ದಳು.

"ಅಮ್ಮ, ಆ ಹಾಡು ಇಳಿಯೂದು ಹ್ಯಾಂಗೆ? ಒಂದ್ಸಲ ಹೇಳು."

"ಯಾವ ಹಾಡು?"

"ಗೊತ್ತಿಲ್ಲದ ಹಾಂಗೆ ಮಾಡ್ಬ್ಯಾಡ."

"ನಾನು ಮಾತು ಕೊಟ್ಟಾಗಿದೆ. ಯಾರ ಸಲುವಾಗಿ ಕೊಟ್ಟಿದ್ದು ಅಂತ ನಿಂಗೂ ಗೊತ್ತು. ಎದೆ ಮಟ್ಟ ಇದ್ದವನು ಈಗ ಬಾಗಿಲಿಗೆ ತಲೆ ತಾಗೂವಷ್ಟು ಉದ್ದ ಆಗಿದೀಯ. ನಿಂಗೆ ಬೇಕಾದಾಗ ಹಾಡ್ಲಿಕ್ಕೆ ನಾನೆಂತ ಟೇಪಾ? ಮೊದ್ಲು ಅವ್ರಿಗೆ ಹೇಳು ಹೋಗು. ಆಮೇಲೆ ಹಾಡು ಕೇಳು."

ಅವಳು ತಲೆ ಎತ್ತಲೇ ಇಲ್ಲ. ದಂಟಿನ ಸಿಪ್ಪೆ ಎಳೆಯುತ್ತಲೇ ಇದ್ದಳು. ನನಗೆ ಸಿಟ್ಟು ಬಂತು, ಸರಿಯಾದ ಮಾತು ಕೇಳಿದರೆ ಬರುವಂಥ ಸಿಟ್ಟು. ಹೊರಗೆ ಜಗಲಿಗೆ ಹೋದೆ. ಅಪ್ಪ ಕಾಲು ಚಾಚಿ ಕೂತು ಅಡಿಕೆ ಹೋಳು ಮಾಡುತ್ತಿದ್ದ. ಮರ ಹತ್ತುವುದು ಬಿಟ್ಟು ಎರಡು ವರ್ಷ ಆಗಿದೆ, ಮಂಡಿ ಹಿಡಿದಿದೆ.

"ಅಪ್ಪ, ಅವತ್ತು ರೀಡು ಕೆರೆದದ್ದು ಅಮ್ಮ ಅಲ್ಲ. ನಾನು."

ಅಪ್ಪ ಅಡಿಕೆಯನ್ನು ಕತ್ತರಿಯಲ್ಲಿ ಸರಿಯಾಗಿ ಕೂರಿಸಿ ಒತ್ತಿದ. ಅರ್ಧ ಬಾಯಿಗೆ ಹಾಕಿಕೊಂಡ.

"ನಂಗೊತ್ತು."

"ಎಂತ ಗೊತ್ತು?"

"ನೀನೇ ಅಂತ. ಅವತ್ತೇ ಗೊತ್ತಿತ್ತು ಮಾರಾಯ. ನಿನ್ನ ಹೆಬ್ಬೆರಳಿಗೆ ಬಟ್ಟೆ ಸುತ್ತಿತ್ತು. ಅವ್ಳಿಗೆ ಸ್ಕ್ರೂ ಯಾವ ಕಡೆ ತಿರುಗಿಸ್ಬೇಕು ಅಂತಾನೂ ಗೊತ್ತಿಲ್ಲ."

"ಗೊತ್ತಿದ್ದೂ ಅಮ್ಮನ ಕ್ಯಾಸೆಟ್ ಸುಟ್ಟೆಯಾ?"

"ಸುಟ್ಟೆ." ಅಪ್ಪ ನನ್ನ ಮುಖ ನೋಡಲಿಲ್ಲ. "ನಾಲ್ಕು ವರ್ಷ ನಿನ್ನ ಕುಂಡಿ ತೊಳೆದವನು ನಾನು. ತೊಡೆ ಮೇಲೆ ಕೂರಿಸ್ಕೊಂಡು ಸರಿಗಮ ಹೇಳ್ಕೊಟ್ಟವನು ನಾನು. ಅವ್ಳು ಬಂದು ಎರಡು ವರ್ಷ ಆಗಿಲ್ಲ, ನೀನು ನನ್ನ ಪೆಟ್ಟಿಗೇನೇ ಕೆರೆದು ಅವ್ಳ ಸ್ವರ ಮಾಡ್ದೆ. ನಾ ಕೊಟ್ಟ ರಿ ನಿಂಗೆ ಸಾಲ್ಲಿಲ್ಲ. ನಿನ್ನ ಹೊಡೀಲಿಕ್ಕೆ ಕೈ ಬರ್ಲಿಲ್ಲ. ಅವ್ಳೇ ನಾನು ಅಂದ್ಳಲ್ಲ, ಆಯ್ತು ಅಂದ್ಕೊಂಡೆ."

ಆಯ್ತು ಅಂದ್ಕೊಂಡೆ. ಇಷ್ಟೇ ಅವನ ವಿವರಣೆ. ಅವನ ಹೊಟ್ಟೆಯ ಸಂಕಟ ನನಗೆ ಅರ್ಥವಾಗಲಿಲ್ಲ ಅಂತ ಅಲ್ಲ. ಅರ್ಥವಾಯಿತು. ಅವನು ಬೇಯಿಸಿದ ಗಂಜಿಯೂ ನೆನಪಿದೆ, ಬೆರಳಿನ ಮೇಲಿನ ಅವನ ಬೆರಳೂ ನೆನಪಿದೆ. ಆದರೂ ಮೈ ಉರಿಯಿತು. ಮಾಡದ ತಪ್ಪಿಗೆ ಒಬ್ಬಳು ಹದಿನೆಂಟು ವರ್ಷ ಬಾಯಿ ಮುಚ್ಚಿಕೊಂಡಿದ್ದಾಳೆ ಅಂತ ಗೊತ್ತಿದ್ದೂ, ಅವಳು ಬಡಿಸಿದ ಅನ್ನ ದಿನಾ ತಿಂದು ಕೈ ತೊಳೆದಿದ್ದಾನೆ. ನಾನೂ ತಿಂದಿದ್ದೇನೆ. ಆ ಮನೆಯಲ್ಲಿ ಗಂಡಸರಿಬ್ಬರು, ಇಬ್ಬರಿಗೂ ನಿಜ ಗೊತ್ತು, ಇಬ್ಬರಿಗೂ ಬಾಯಿ ಇತ್ತು. ಬಾಯಿ ಕಳೆದುಕೊಂಡವಳು ಮೂರನೆಯವಳು.

ಗೋಡೆ ಮಾಡಿನವರೆಗೆ ಹೋಗುವುದಿಲ್ಲ ಅಂತ ಮೊದಲೇ ಹೇಳಿದೆನಲ್ಲ. ಅಮ್ಮ ಕೈಯಲ್ಲಿ ಚಾಕು ಹಿಡಿದುಕೊಂಡೇ ಬಾಗಿಲಿಗೆ ಬಂದಳು.

"ನಿಮಗೆ ಗೊತ್ತಿತ್ತಾ?"

ಅಪ್ಪ ಅಡಿಕೆ ಅಗಿಯುವುದು ನಿಲ್ಲಿಸಿದ.

"ನಿಂಗೆ ಗೊತ್ತಿತ್ತಾ?" ಅಂದಳು ಎರಡನೇ ಸಲ.

ಅಮ್ಮ ಅಪ್ಪನನ್ನು ಏಕವಚನದಲ್ಲಿ ಮಾತಾಡಿಸಿದ್ದು ನಾನು ಹುಟ್ಟಿದ ಮೇಲೆ ಅದೇ ಮೊದಲು. ಅಪ್ಪ ಹೂಂ ಅಂದನೋ ತಲೆ ಅಲ್ಲಾಡಿಸಿದನೋ, ಏನೋ ಒಂದು ಮಾಡಿದ. ಅಮ್ಮ ಕೂಗಲಿಲ್ಲ. ಒಳಗೆ ಹೋದಳು. ಬರುವಾಗ ಮನೆಯಲ್ಲಿದ್ದ ಪಾತ್ರೆಯನ್ನೆಲ್ಲ ಬುಟ್ಟಿಗೆ ತುಂಬಿಕೊಂಡು ಬಂದಳು. ತೊಳೆದು ಮಗುಚಿ ಇಟ್ಟಿದ್ದು, ತೊಳೆಯದ್ದು, ಅನ್ನ ಬೇಯಿಸುವ ದೊಡ್ಡ ತಪ್ಪಲೆ, ಎಲ್ಲ. ನಲ್ಲಿಯ ಹತ್ತಿರ ಹೋಗಿ ಸೀರೆ ಎತ್ತಿ ಕಟ್ಟಿ ಕುಕ್ಕರಗಾಲಲ್ಲಿ ಕೂತಳು. ತಪ್ಪಲೆಯನ್ನು ಕಲ್ಲಿನ ಮೇಲೆ ಢಣ್ ಅಂತ ಕುಕ್ಕಿದಳು. ಹಾಡು ಶುರು ಮಾಡಿದಳು.

ಗುನುಗಿದ್ದಲ್ಲ. ಕೊರಳು ಬಿಟ್ಟು ಹಾಡಿದಳು. ಹದಿನೆಂಟು ವರ್ಷ ಬಳಸದ ಕೊರಳು ಅಲ್ಲಲ್ಲಿ ಒಡೆಯಿತು, ಅವಳು ಲೆಕ್ಕಿಸಲಿಲ್ಲ. ಹತ್ತಿದಳು. ರಿ ಬಂತು, ಅದೇ ಜಾಗಕ್ಕೆ, ಒಂದು ಕೂದಲೆಳೆಯೂ ಆಚೀಚೆ ಇಲ್ಲದೆ. ಎರಡು ಸಾಲಿಗೊಮ್ಮೆ ತಪ್ಪಲೆ ಎತ್ತಿ ಕುಕ್ಕುತ್ತಿದ್ದಳು, ಢಣ್. ಬಾಗಿಲುಗಳು ಒಂದೊಂದಾಗಿ ತೆರೆದವು. ಗೋಪಾಲಣ್ಣ ಬನಿಯನ್ನಿನಲ್ಲೇ ಹೊರಗೆ ಬಂದ. ಹಲ್ಲು ಹೋಗಿದೆ, ನಾಲಿಗೆ ಹೋಗಿಲ್ಲ.

"ಎಂತದು ಲಲಿತಕ್ಕ, ಮಸ್ಕತ್ತಿಗೆ ಮತ್ತೆ ವೀಸಾ ಬಂತಾ?"

"ಗೋಪಾಲ, ಅವತ್ತು ನಿನ್ನ ತಾಳ ನಿಂತಿತ್ತಲ್ಲ, ಇವತ್ತು ತಂದು ಹಾಕು ಬಾ! ಇಲ್ದಿದ್ರೆ ಬಾಯ್ಮುಚ್ಚು!"

ಢಣ್. ಗೋಪಾಲಣ್ಣ ಒಳಗೆ ಹೋದ. ಆಮೇಲೆ ಅವಳು ಇಳಿದಳು. ಇಳಿಯುವ ಭಾಗ ನಾನು ಕಟ್ಟಿದ ಹಾಗೆ ಏನೇನೂ ಇರಲಿಲ್ಲ. ನಾನು ನಯವಾಗಿ ಜಾರಿಸಿದ್ದೆ. ಅದು ಒಂದೊಂದು ಮೆಟ್ಟಿಲಿಗೂ ನಿಂತು, ಹಿಂದಕ್ಕೆ ತಿರುಗಿ ನೋಡಿ, ಬೇಡದ ಮನಸ್ಸಿನಲ್ಲಿ ಇಳಿಯುವ ಧಾಟಿ. ಕೊನೆಗೆ ಸ ಮುಟ್ಟುವ ಮೊದಲು ಮತ್ತೊಮ್ಮೆ ಆ ರಿಯ ಮೇಲೆ ನಿಲ್ಲುತ್ತದೆ, ತುಂಬಾ ಹೊತ್ತು. ಅಲ್ಲಿ ನಿಂತು ಅವಳು ಅಪ್ಪನ ಕಡೆ ನೋಡಿದಳು. ಅಪ್ಪ ಅಡಕತ್ತರಿ ಕೆಳಗಿಟ್ಟಿದ್ದ, ಕೈ ಎಲ್ಲಿ ಇಡಬೇಕು ಅಂತ ಗೊತ್ತಾಗದವನ ಹಾಗೆ ಕೂತಿದ್ದ. ನಾನು ಮೊಬೈಲ್ ತೆಗೆದು ರೆಕಾರ್ಡ್ ಒತ್ತಿದ್ದೆ, ಮೊದಲ ಢಣ್‌ನಿಂದಲೇ. ಒತ್ತಿದ್ದಕ್ಕೆ ನನಗೆ ನಾಚಿಕೆ ಇಲ್ಲ. ಹನ್ನೊಂದು ಸುಟ್ಟುಹೋದ ಮನೆಯಲ್ಲಿ ಒಂದಾದರೂ ಉಳಿಯಬೇಕು ತಾನೇ. ಅವಳು ಮುಗಿಸಿ ನನ್ನ ಹತ್ತಿರ ಬಂದಳು. ಒದ್ದೆ ಕೈಯನ್ನು ಸೆರಗಿಗೆ ಒರೆಸಿಕೊಂಡಳು.

"ಹಿಡ್ಕೊಂಡ್ಯಾ?"

"ಹೂಂ. ಸಿನಿಮಾಕ್ಕೆ ಹಾಕ್ಲಾ?"

"ಹಾಕು. ಪಾತ್ರೆ ಸದ್ದು ತೆಗೀಬ್ಯಾಡ."

ಸೌಂಡ್ ಮಿಕ್ಸ್ ಮಾಡುವವನು ಫೋನ್ ಮಾಡಿ ಗೋಳಾಡಿದ. ಸಾರ್, ಹಾಡು ಬಂಗಾರ, ಹಿಂದೆ ಯಾರೋ ಪಾತ್ರೆ ಬಿಸಾಡ್ತಿದಾರೆ, ಕ್ಲೀನ್ ಮಾಡ್ತೀನಿ ಅಂದ. ಮುಟ್ಟಿದರೆ ಕೈ ಮುರಿಯುತ್ತೇನೆ ಅಂದೆ. ನಾನು ಊದ್ ಅನ್ನು ಹಿಂದಕ್ಕೆ ಹಾಕಿ, ಅವಳ ಕೊರಳನ್ನೂ ತಪ್ಪಲೆಯನ್ನೂ ಮುಂದಕ್ಕೆ ತಂದೆ. ಸಿನಿಮಾ ಬಂತು. ಬರೆಯುವವರು ಬರೆದರು. ಮರುಭೂಮಿಯ ಪುರಾತನ ತಾಳವಾದ್ಯದ ಅದ್ಭುತ ಬಳಕೆ ಅಂತ ಒಬ್ಬರು. ಅಲೆಮಾರಿಗಳ ಡೋಲು ಅಂತ ಇನ್ನೊಬ್ಬರು. ಅದರ ಹೆಸರೇನು, ಎಲ್ಲಿಂದ ತರಿಸಿದ್ರಿ ಅಂತ ಮೂರನೆಯವರು ಫೋನ್ ಮಾಡಿ ಕೇಳಿದರು. ತಪ್ಪಲೆ, ಅಂದೆ. ಅವರು ಅದನ್ನು ಅರಬ್ಬಿ ಹೆಸರು ಅಂದುಕೊಂಡು ಬರೆದುಕೊಂಡಿರಬೇಕು.

ಲೈನಿನವರೆಲ್ಲ ಸೇರಿ ಒಂದು ಮಧ್ಯಾಹ್ನ ನನ್ನ ಮೊಬೈಲಿನಲ್ಲಿ ಆ ಕೊನೆಯ ಭಾಗ ನೋಡಿದರು. ಅಮ್ಮ ನೋಡಲಿಲ್ಲ, ನಲ್ಲಿಯ ಹತ್ತಿರ ಇದ್ದಳು. ಈಗ ಅವಳು ದಿನಾ ಹಾಡುತ್ತಾಳೆ, ಅಪ್ಪ ಇದ್ದರೂ, ಬೇಕೆಂದೇ ಸ್ವಲ್ಪ ಜೋರಾಗಿ. ಅಪ್ಪ ಗೋಡೆಗೆ ಒರಗಿ ಕೂತು ಮೊಬೈಲಿನದ್ದನ್ನು ಪೂರ್ತಿ ಕೇಳಿದ. ಪ್ರತಿ ಢಣ್‌ಗೂ ಅವನ ಕಣ್ಣುರೆಪ್ಪೆ ಬಡಿಯುತ್ತಿತ್ತು. ಮುಗಿದ ಮೇಲೆ ಮೊಬೈಲ್ ನನ್ನ ಕೈಗೆ ಕೊಟ್ಟ.

"ನಂಗೆ ಬೈದದ್ದನ್ನ ಊರಿಗೆಲ್ಲ ಕೇಳಿಸ್ಬಿಟ್ಟೆಯಲ್ಲ ಮಾರಾಯ."

"ನಿಂಗೊಬ್ಬನಿಗೇ ಅಲ್ಲ ಬೈದದ್ದು. ಅರ್ಧ ನಂಗೆ," ಅಂದೆ. "ಅದಕ್ಕೇ ಹಾಕಿದ್ದು."